ತದಡಿ, ಒಂದು ನಿಮಿಷ

ಗುಂಡುಲಾ ವೀಸ್ನರ್ ಎಂಬ ಹೆಸರು
ನಮ್ಮ ಕೇರಿಯ ಬಾಯಲ್ಲಿ ಮೂರೇ ದಿನಕ್ಕೆ ಗುಂಡಕ್ಕ ಆಯಿತು.
ಕಡ್ಡಿಯ ಹಾಗಿದ್ದಳು. ಅದಕ್ಕೇ ನಗು ಹೆಚ್ಚು.

ಬಂದದ್ದು ಎಂಬತ್ತಾರರ ಮಾಗಿಯಲ್ಲಿ,
ಬಾಡಿಗೆ ಅಂಬಾಸಿಡರಿನ ನೆತ್ತಿಗೆ ಐದು ಪೆಟ್ಟಿಗೆ ಬಿಗಿದುಕೊಂಡು.
ಬೊಂಬಾಯಿಯಿಂದ ಕರೆತಂದ ಸೌಂಡಿನ ಹುಡುಗ
ಎರಡನೇ ದಿನವೇ ಹೊಟ್ಟೆ ಹಿಡಿದು ಮಲಗಿದ.
ಐಸ್ ಕಾರ್ಖಾನೆಯ ಬಾಗಿಲಲ್ಲಿ ಕೆಲಸವಿಲ್ಲದೆ ನಿಂತಿದ್ದೆ.
ನನ್ನ ಕೈಗೊಂದು ಉದ್ದ ಕೋಲು ಕೊಟ್ಟಳು,
ತುದಿಯಲ್ಲಿ ಬೆಕ್ಕಿನ ಬಾಲದಂಥ ಮೈಕು.
ದೋಣಿಯ ಜಲ್ಲೆ ಹಿಡಿದ ಕೈ. ನಡುಗಲಿಲ್ಲ.

ಇಳಿತದ ಹೊತ್ತಿಗೆ ಅಘನಾಶಿನಿ
ಹೊಟ್ಟೆ ಒಳಗೆಳೆದುಕೊಳ್ಳುತ್ತದೆ.
ಹೆಂಗಸರು ಮೊಣಕಾಲ ಕೆಸರಿನಲ್ಲಿ
ಕಾಲ್ಬೆರಳಿಂದಲೇ ಬಳಚು ಹುಡುಕುತ್ತಾರೆ,
ಕರೆಂಟು ಹೋದ ಮನೆಯಲ್ಲಿ ಬೆಂಕಿಪೊಟ್ಟಣ ತಡಕಿದ ಹಾಗೆ.
ಗುಂಡಕ್ಕ ಪ್ಯಾಂಟು ಮಡಚಿ ಇಳಿದಳು.
ನನ್ನ ಅತ್ತೆ ಬೀರಮ್ಮ ಆ ಬಿಳೀ ಕಾಲು ನೋಡಿ
ಏನೋ ಅಂದು ನಕ್ಕಳು.
ನಗು ರೀಲಿನಲ್ಲಿದೆ.

ಜಾಗ ಬಿಡುವ ಮುಂಚೆ ಒಂದು ನೇಮ:
ಕ್ಯಾಮರಾ ಬಂದ್, ಮೈಕು ಚಾಲೂ,
ಒಂದು ನಿಮಿಷ ಯಾರೂ ಉಸಿರೆತ್ತಕೂಡದು.
ಕತ್ತರಿಸಿದಲ್ಲಿ ತೇಪೆ ಹಾಕಲು ಬೇಕಂತೆ,
ಹರಿದ ಸೀರೆಗೆ ಅದೇ ಸೀರೆಯ ನೂಲಿನಂತೆ.
ಸುಮ್ಮನಿರುವುದಕ್ಕೂ ಸಂಬಳ ಉಂಟು ಅಂದರೆ
ನನ್ನ ಅಪ್ಪ ಸಾಯುವ ತನಕ ನಂಬಲಿಲ್ಲ.

ಸಂಜೆ ಮೀನಿನ ಪೆಟ್ಟಿಗೆ ಮೇಲೆ ಕೂತು ಹೇಳುತ್ತಿದ್ದಳು,
ನನ್ನ ಎಸ್ಸೆಸ್ಸೆಲ್ಸಿ ಇಂಗ್ಲಿಷಿಗೆ ಸಿಕ್ಕಷ್ಟು:
ಮೊದಲ ಚಿತ್ರ, ಅಪ್ಪನ ಕಲ್ಲಿದ್ದಲು ಗಣಿ ಮುಚ್ಚಿದ ದಿನ.
ಅಪ್ಪ ಮುಖ ತಿರುಗಿಸಿದನಂತೆ.
ಅವನ ಬುತ್ತಿ ಡಬ್ಬಿಯನ್ನೇ ಇಪ್ಪತ್ತು ನಿಮಿಷ ತೆಗೆದಳಂತೆ.
ಎರಡನೆಯದು ಗುಂಡಿ ಕಾರ್ಖಾನೆಯ ಹೆಂಗಸರದು,
ಮೂರನೆಯದು ಹಡಗಿನ ಅಡುಗೆಯವನದು.
ನಡುವೆ ಕಾರು ಮಾರಿದ್ದು, ರಾತ್ರಿ ಶಾಲೆಯಲ್ಲಿ ಕಲಿಸಿದ್ದು,
ಒಬ್ಬ ಗಂಡ. ಅವನ ಬಗ್ಗೆ ಒಂದೇ ವಾಕ್ಯ, ನನಗೆ ತಿಳಿಯಲಿಲ್ಲ.

ಎರಡು ವರ್ಷಕ್ಕೆ ಅಂಚೆಯಲ್ಲಿ ಕ್ಯಾಸೆಟ್ಟು ಬಂತು.
ಕುಮಟೆಯ ವಿಡಿಯೋ ಅಂಗಡಿಯಲ್ಲಿ ಗಂಟೆಗೆ ಹತ್ತು ರೂಪಾಯಿ ಕೊಟ್ಟು
ಹನ್ನೊಂದು ಜನ ನೋಡಿದೆವು.
ಬೀರಮ್ಮ ಬಾಯಿ ತೆರೆದಳು,
ಮೇಲಿಂದ ಯಾವನೋ ದಪ್ಪ ದನಿಯವ ಜರ್ಮನ್ನಿನಲ್ಲಿ ಶುರುಮಾಡಿದ.
ಅತ್ತೆ ಎದ್ದು ನಿಂತು ಕೇಳಿದಳು:
"ನನ್ನ ಬಾಯೊಳಗೆ ಹೊಕ್ಕವ ಇವ ಯಾರ?"

ಅದನ್ನೇ ಬರೆದು ಹಾಕಿದೆ.
ಬಹಳ ದಿನ ಉತ್ತರವಿಲ್ಲ.
ಆಮೇಲೆ ಒಂದು ಕಾರ್ಡು: ಬೀರಮ್ಮ ಹೇಳಿದ್ದು ಸರಿ.
ಮುಂದೆ ತೆಗೆದದ್ದು ಏಳು ಚಿತ್ರ,
ಯಾವುದರಲ್ಲೂ ಒಬ್ಬರ ಮಾತಿನ ಮೇಲೆ ಇನ್ನೊಬ್ಬರು ಕೂರಲಿಲ್ಲ.
ಟೀವಿಯವರು ಬೇಡವೆಂದರಂತೆ.
ಇಗರ್ಜಿಯ ನೆಲಮಾಳಿಗೆಯಲ್ಲಿ ನಲವತ್ತು ಕುರ್ಚಿ ಹಾಕಿ
ತಾನೇ ತೋರಿಸಿ, ತಾನೇ ಕುರ್ಚಿ ಮಡಚಿದಳಂತೆ.

ಎರಡು ಸಾವಿರದ ಒಂಬತ್ತರಲ್ಲಿ ಮತ್ತೆ ಬಂದಳು, ಒಬ್ಬಳೇ,
ಅಂಗೈಯಷ್ಟು ಕ್ಯಾಮರಾ, ಬೆನ್ನು ಕುಡುಗೋಲು.
ಬೀರಮ್ಮ ಇರಲಿಲ್ಲ.
ಐಸ್ ಕಾರ್ಖಾನೆಯ ಗೋಡೆಗೆ ದುಪ್ಪಟಿ ಕಟ್ಟಿ
ಕತ್ತರಿಸದ ರೀಲನ್ನು ಬಿಟ್ಟಳು.
ಮಗಳು ಮಂಕಾಳಿ ತಾಯಿಯ ಮುಖ ನೋಡಲಿಲ್ಲ, ಬುಟ್ಟಿ ನೋಡಿದಳು:
"ಆವಾಗ ಬಳಚು ಇಷ್ಟು ದಪ್ಪ ಇತ್ತಾ?"
ಸ್ವಲ್ಪ ಹೊತ್ತು ಬಿಟ್ಟು,
"ಅವ್ವಿ ಎಂತ ಹೇಳಿ ನಗ್ತು ಅಲ್ಲಿ?"
ಗುಂಡಕ್ಕ ನನ್ನ ಕಡೆ ತಿರುಗಿದಳು. ಮೈಕು ಹಿಡಿದವ ನಾನು.
ನನಗೆ ಗೊತ್ತಿತ್ತು.
"ಗಾಳಿ ಇತ್ತು," ಅಂದೆ.

ಹೋದ ತಿಂಗಳು ಅವಳ ತಂಗಿಯ ಮಗಳು ಪೆನ್‌ಡ್ರೈವ್ ಕಳಿಸಿದ್ದಾಳೆ,
ಜೊತೆಗೆ ಕಪ್ಪಂಚಿನ ಕಾಗದ.
ಕಡತಗಳ ಸಾಲಿನಲ್ಲಿ ಒಂದರ ಹೆಸರು: ತದಡಿ, ಒಂದು ನಿಮಿಷ.
ಕಿವಿಗೆ ಹಾಕಿಕೊಂಡೆ.
ಕೆಸರು ಗುಳುಕ್ ಅನ್ನುತ್ತದೆ. ಆಚೆ ದಡದಲ್ಲಿ ದೋಣಿಗೆ ಮೊಳೆ.
ಯಾರದೋ ಬಳೆ.
ನಲವತ್ತೊಂದನೇ ಸೆಕೆಂಡಿಗೆ, ನುಂಗಿಕೊಂಡು, ಮೂಗಿನಿಂದ,
ಅತ್ತೆಯ ನಗು.

ಚಹಾ ತಂದ ಮೊಮ್ಮಗಳನ್ನು ಬೆರಳೆತ್ತಿ ತಡೆದೆ.
ಇನ್ನೂ ಹತ್ತೊಂಬತ್ತು ಸೆಕೆಂಡು ಉಂಟು.